ಉಬ್ಬುಹಲ್ಲಿನ ಗಂಡ, ದೊಡ್ಡ ಮೂಗಿನ ಹೆಂಡತಿ

1926ರಲ್ಲಿ ಬಂದ ‘ಮೈಟಿ ಲೈಕ್ ಎ ಮೂಸ್’ ಎರಡೇ ರೀಲಿನ ಮೂಕಿಚಿತ್ರ. ಲಿಯೊ ಮೆಕೇರಿ ಅದರ ನಿರ್ದೇಶಕ. ಗಂಡ ಚಾರ್ಲಿ ಚೇಸ್‌ಗೆ ಉಬ್ಬುಹಲ್ಲು, ಹೆಂಡತಿ ವಿವಿಯನ್ ಓಕ್ಲಂಡ್‌ಗೆ ದೊಡ್ಡ ಮೂಗು. ಒಬ್ಬರಿಗೊಬ್ಬರು ಹೇಳದೆ ಇಬ್ಬರೂ ಚಿಕಿತ್ಸೆ ಮಾಡಿಸಿಕೊಳ್ಳುತ್ತಾರೆ. ಹೊರಗೆ ಎದುರಾದಾಗ ಗುರುತೇ ಸಿಗುವುದಿಲ್ಲ; ಪರಸ್ಪರ ಮನಸೋತು, ಪಾರ್ಟಿಗೆ ಹೋಗೋಣವೆಂದು ಮಾತಾಗುತ್ತದೆ. ಆಮೇಲೆ ಒಂದೇ ಮನೆಯೊಳಗೆ, ಒಬ್ಬರ ಕಣ್ಣಿಗೆ ಇನ್ನೊಬ್ಬರು ಬೀಳದಂತೆ ಸಿಂಗರಿಸಿಕೊಳ್ಳುವ ಆ ಓಡಾಟ! ಕಣ್ಣಲ್ಲಿ ನೀರು ಬರುವಷ್ಟು ನಕ್ಕಿದ್ದೇನೆ.

ಅವರಿಬ್ಬರಿಗೂ ಗೊತ್ತಿಲ್ಲದ್ದು ನಮಗೆ ಗೊತ್ತು, ಅದಕ್ಕೇ ಆ ನಗು. ಸಂಸಾರದಲ್ಲಿ ಈ ಪ್ರೇಕ್ಷಕರ ಕುರ್ಚಿ ಸಾಮಾನ್ಯವಾಗಿ ಯಾರಿಗೂ ಸಿಗುವುದಿಲ್ಲ. ನನಗೆ ಒಮ್ಮೆ ಸಿಕ್ಕಿತ್ತು.

ಆಗ ನಾವು ಸಿಂಗಸಂದ್ರದ ಬಾಡಿಗೆ ಮನೆಯಲ್ಲಿದ್ದೆವು. ಇವರಿಗೆ ಎಲೆಕ್ಟ್ರಾನಿಕ್ ಸಿಟಿಯಲ್ಲಿ ಕೆಲಸ. ಆ ಕೆಲಸ ಹೋದದ್ದನ್ನು ಇವರು ಹೇಳಲಿಲ್ಲ. ದಿನಾ ಎಂಟೂವರೆಗೆ ಶೂ ಹಾಕಿ, ಬ್ಯಾಗ್ ಹೆಗಲಿಗೇರಿಸಿ ಹೊರಡುತ್ತಿದ್ದರು. ಬಾಯಿ ಒಂದು ಸುಳ್ಳನ್ನೂ ಆಡಲಿಲ್ಲ. ಮೂಕಿಚಿತ್ರದಂತೆ ಮಿಕ್ಕದ್ದೆಲ್ಲ ಹೇಳುತ್ತಿತ್ತು: ಕೊರಳಲ್ಲಿ ಐಡಿ ಕಾರ್ಡ್ ಇಲ್ಲ, ಹೊಸೂರು ರಸ್ತೆಯ ಟ್ರಾಫಿಕ್ಕಿಗೆ ಬೈಗುಳ ಇಲ್ಲ, ಊಟದ ಡಬ್ಬಿ ತೊಳೆದೇ ಬರುತ್ತಿತ್ತು. ಹನ್ನೊಂದನೆಯ ದಿನ, ತರಕಾರಿಗೆ ಹೋದವಳು, ಕೆರೆ ಬದಿಯ ಬೆಂಚಿನ ಮೇಲೆ ಒಬ್ಬರೇ ಕೂತಿದ್ದ ಇವರನ್ನು ಕಂಡೆ.

ಸಿನಿಮಾದಲ್ಲಿ ಮೊದಲು ಗೊತ್ತಾಗುವುದು ಗಂಡನಿಗೆ. ತಾನೂ ಅದೇ ಕೆಲಸ ಮಾಡಿದವನು. ಆದರೂ ಹೆಂಡತಿಗೆ ಬುದ್ಧಿ ಕಲಿಸಲು ಹೊರಡುತ್ತಾನೆ. ನಕಲಿ ಹಲ್ಲು ಹಾಕಿಕೊಂಡರೆ ಗಂಡ, ತೆಗೆದರೆ ಪ್ರಿಯಕರ. ಎರಡೂ ತಾನೇ ಆಗಿ ಹೊಡೆದಾಡುತ್ತಾನೆ. ಮೊದಲು ತಿಳಿದವರೇ ನ್ಯಾಯಾಧೀಶರು ಎಂಬ ಹಮ್ಮು ಅದು. ಬೆಂಚಿನ ಮೇಲೆ ಇವರನ್ನು ಕಂಡ ಗಳಿಗೆಯಲ್ಲಿ ಅದು ನನ್ನೊಳಗೂ ಮಿಂಚಿತು. ಸಂಜೆ “ಆಫೀಸಲ್ಲಿ ಏನು ವಿಶೇಷ?” ಎಂದು ಕೇಳಿ ಆಟ ನೋಡಬಹುದಿತ್ತು. ಕೇಳಲಿಲ್ಲ. ರಾತ್ರಿ ಅನ್ನ ಬಡಿಸುತ್ತಾ, “ನಾಳೆಯಿಂದ ಡಬ್ಬಿ ಕಟ್ಟಲ್ಲ ರೀ, ಮನೇಲೇ ಬಿಸಿಬಿಸಿಯಾಗಿ ಊಟ ಮಾಡಿ” ಎಂದೆ. ಇವರು ತಲೆ ಎತ್ತಲಿಲ್ಲ. ಬಹಳ ಹೊತ್ತಾದ ಮೇಲೆ, “ಇನ್ನೊಂದು ಸ್ವಲ್ಪ ಸಾರು ಹಾಕು” ಎಂದರು.

2007ರಲ್ಲಿ ಅಮೆರಿಕದ ನ್ಯಾಷನಲ್ ಫಿಲ್ಮ್ ರಿಜಿಸ್ಟ್ರಿ ಈ ಚಿತ್ರವನ್ನು ಕಾಪಾಡಬೇಕಾದವುಗಳ ಪಟ್ಟಿಗೆ ಸೇರಿಸಿತು. ಚೇಸ್‌ನ ಹೊಡೆದಾಟಕ್ಕೆ ನಾನು ಈಗಲೂ ನಗುತ್ತೇನೆ. ಆದರೆ ಅದರ ಸದ್ದು ಕೇಳುವುದು ನಮಗಲ್ಲ, ಆ ಹೆಂಡತಿಗೆ.