ಹಿಡಿಕೆ ಮಾತ್ರ ಉಳಿದ ಬಾಗಿಲು

ನಗಿಸುವವನೇ ಬರೆದು, ನಟಿಸಿ, ನಿರ್ದೇಶಿಸಿ, ಯಾರ ಅವಸರಕ್ಕೂ ಮಣಿಯದೆ ದುಡಿದರೆ ಹಾಸ್ಯ ಎಷ್ಟು ಸೂಕ್ಷ್ಮವಾಗಬಲ್ಲದು ಎಂಬುದಕ್ಕೆ ಫ್ರಾನ್ಸಿನ ಜಾಕ್ ತಾತಿ (1907–1982) ಅವರ ಚಿತ್ರಗಳಿಗಿಂತ ಸೊಗಸಾದ ನಿದರ್ಶನ ಸಿಗುವುದು ಕಷ್ಟ. ಹಾಡು, ಕುಣಿತ, ಕಸರತ್ತುಗಳನ್ನು ಒಂದೇ ಸಂಜೆಯಲ್ಲಿ ಬೆರೆಸುತ್ತಿದ್ದ ಮ್ಯೂಸಿಕ್ ಹಾಲ್ ಎಂಬ ರಂಗಮಂದಿರಗಳಲ್ಲಿ ಟೆನಿಸ್ ಆಟಗಾರ, ಕುದುರೆ ಸವಾರ ಮೊದಲಾದವರನ್ನು ಮೂಕಾಭಿನಯದಲ್ಲಿ, ಎಂದರೆ ಮಾತಿನ ನೆರವಿಲ್ಲದೆ ಬರಿಯ ಅಂಗಚಲನೆಯಿಂದ, ತೋರಿಸುತ್ತ ಪಳಗಿದ ಈ ನೀಳಕಾಯದ ನಟ, 1953ರಲ್ಲಿ ಗಿಡ್ಡ ಪ್ಯಾಂಟು, ಪೈಪು, ಹ್ಯಾಟುಗಳ ಮಸ್ಯೂ ಉಲೋ ಎಂಬ ಸಂಕೋಚದ ಮನುಷ್ಯನನ್ನು ಸೃಷ್ಟಿಸಿ ಕಡಲತಡಿಯ ರಜೆಗೆ ಕಳುಹಿಸಿದರು.

ಆ ಚಿತ್ರದಲ್ಲಿ ಮಾತು ಕಡಿಮೆ. ಚಿತ್ರೀಕರಣದ ಬಳಿಕ ಒಂದೊಂದೇ ಸದ್ದನ್ನು ಆರಿಸಿ ಧ್ವನಿಪಥಕ್ಕೆ, ಅಂದರೆ ಚಿತ್ರದೊಡನೆ ಓಡುವ ಶಬ್ದದ ಪಟ್ಟಿಗೆ, ಕೂಡಿಸಿದ್ದರಿಂದ, ಹೋಟೆಲಿನ ಊಟದ ಕೋಣೆಯ ಬಾಗಿಲು ಆಡಿದಾಗಲೆಲ್ಲ ಹೊಮ್ಮುವ, ತಂತಿ ಮೀಟಿದಂಥ ಸದ್ದೇ ಒಂದು ಪಾತ್ರವಾಗುತ್ತದೆ. ಸ್ಮಶಾನದ ಬಳಿ ಕಾರು ಕೆಟ್ಟು ನಿಂತಾಗ ನೆಲಕ್ಕೆ ಬಿದ್ದ ಟ್ಯೂಬಿಗೆ ತರಗೆಲೆಗಳು ಮೆತ್ತಿಕೊಂಡು, ಅದನ್ನು ಶವಸಂಸ್ಕಾರದ ಹಾರವೆಂದೇ ಬಗೆದು ಒಯ್ಯುವ ಪ್ರಸಂಗವಂತೂ ಎಷ್ಟು ಸಲ ನೋಡಿದರೂ ಸವಕಲಾಗದು. ನಡೆದದ್ದನ್ನು ವಿವರಿಸಲಾರದ ಉಲೋ ಸಂತಾಪ ಸೂಚಿಸುವವರ ಕೈ ಕುಲುಕುತ್ತ ನಿಲ್ಲುವಲ್ಲಿ ನಗೆಗೆ ಮರುಕವೂ ಬೆರೆಯುತ್ತದೆ.

1958ರ ‘ಮೊನ್ ಓಂಕ್ಲ್’ ಆಸ್ಕರ್ ಗಳಿಸಿತು. ಆ ಕೀರ್ತಿಯನ್ನು ಸುಖವಾಗಿ ಅನುಭವಿಸುವ ಬದಲು ತಾತಿ ಪ್ಯಾರಿಸ್ಸಿನ ಅಂಚಿನಲ್ಲಿ ಉಕ್ಕು-ಗಾಜಿನ ನಗರವೊಂದನ್ನೇ ಕಟ್ಟಿಸಿ, ವಾಡಿಕೆಯ 35 ಮಿಲಿಮೀಟರ್ ಫಿಲ್ಮಿಗಿಂತ ಇಮ್ಮಡಿ ಅಗಲದ 70 ಮಿಲಿಮೀಟರ್ ಫಿಲ್ಮಿನಲ್ಲಿ ‘ಪ್ಲೇಟೈಮ್’ (1967) ತೆಗೆದರು. ಇಲ್ಲಿ ಕ್ಯಾಮೆರಾ ಮುಖಗಳ ಸಮೀಪಕ್ಕೆ ಹೋಗುವುದಿಲ್ಲ. ತೆರೆಯ ಮೂಲೆಮೂಲೆಗಳಲ್ಲಿ ಏಕಕಾಲಕ್ಕೆ ನಡೆಯುವ ತಮಾಷೆಗಳಲ್ಲಿ ತನಗೆ ಬೇಕಾದುದನ್ನು ನೋಡುಗನೇ ಹುಡುಕಿಕೊಳ್ಳಬೇಕು. ಹೊಸ ರೆಸ್ಟೋರೆಂಟಿನ ಗಾಜಿನ ಬಾಗಿಲು ಪುಡಿಯಾದ ಮೇಲೂ ದ್ವಾರಪಾಲಕನು ಉಳಿದ ಗುಂಡು ಹಿಡಿಕೆಯನ್ನು ಗಾಳಿಯಲ್ಲೇ ಹಿಡಿದು, ಬರುವವರಿಗೆಲ್ಲ ಇಲ್ಲದ ಬಾಗಿಲನ್ನು ವಿನಯದಿಂದ ತೆರೆಯುತ್ತಾನೆ, ಯಾರೂ ಅನುಮಾನಿಸದೆ ಒಳನಡೆಯುತ್ತಾರೆ. ನಾಯಕನೊಬ್ಬನ ಸ್ವತ್ತಾಗಿದ್ದ ಹಾಸ್ಯವನ್ನು ಹೀಗೆ ದಾರಿಹೋಕರಿಗೆಲ್ಲ ಹಂಚಿದ್ದು ತಾತಿಯವರ ಅತಿ ದೊಡ್ಡ ಸಾಧನೆ.

ಆದರೆ ಚಿತ್ರ ಸೋತು, ಸಾಲ ಬೆಳೆದು, ತಮ್ಮ ಚಿತ್ರಗಳ ಹಕ್ಕುಗಳೇ ಅವರ ಕೈತಪ್ಪಿದವು. ಆಮೇಲೂ 1971ರಲ್ಲಿ ‘ಟ್ರಾಫಿಕ್’ ಬಂತು. 1978ರಲ್ಲಿ, ಎಪ್ಪತ್ತು ವರ್ಷ ದಾಟಿದ ಈ ಕಸುಬುದಾರ, ತೆರೆಕಂಡು ಕಾಲು ಶತಮಾನವಾಗಿದ್ದ ಆ ಕಡಲತಡಿಯ ಚಿತ್ರವನ್ನು ಮತ್ತೆ ಕೈಗೆತ್ತಿಕೊಂಡು, ಮುರಿದು ಮಡಚಿಕೊಂಡ ದೋಣಿ ಶಾರ್ಕಿನಂತೆ ಕಂಡು ಜನ ಬೆಚ್ಚಿ ಓಡುವ ಪ್ರಸಂಗಕ್ಕೆ ಹೊಸ ತುಣುಕುಗಳನ್ನು ಚಿತ್ರೀಕರಿಸಿ ಸೇರಿಸಿದರು.