ನಾಲಿಗೆ ಮರೆತ ‘ೞ’

‘ಕೇಳು’ ಭೂತಕಾಲದಲ್ಲಿ ‘ಕೇಳಿದ’ ಆಗುತ್ತದೆ, ‘ತಾಳು’ ‘ತಾಳಿದ’ ಆಗುತ್ತದೆ. ಹಾಗಿದ್ದರೆ ‘ಬೀಳು’ ಯಾಕೆ ‘ಬೀಳಿದ’ ಆಗದೆ ‘ಬಿದ್ದ’ ಆಯಿತು? ‘ಏಳು’ ಯಾಕೆ ‘ಎದ್ದ’ ಆಯಿತು? ಪಿಯುಸಿ ಮಕ್ಕಳಿಗೆ ಕನ್ನಡ ಪಾಠ ಹೇಳುವ ನನ್ನನ್ನು ಪ್ರತಿವರ್ಷ ಯಾರಾದರೊಬ್ಬರು ಹೀಗೆ ಕೇಳುತ್ತಾರೆ. ‘ಅದು ಇರುವುದೇ ಹಾಗೆ, ಬಾಯಿಪಾಠ ಮಾಡು’ ಎಂದುಬಿಡುವುದು ಸುಲಭ. ಆದರೆ ಇದಕ್ಕೆ ಉತ್ತರವಿದೆ. ಆ ಉತ್ತರದೊಳಗೆ ಕನ್ನಡಿಗರ ನಾಲಿಗೆ ಮರೆತ ಒಂದು ಅಕ್ಷರವೂ ಇದೆ. ಅದೇ ‘ೞ’.

ಹಳಗನ್ನಡದಲ್ಲಿ ‘ಳ’ ಬೇರೆ, ‘ೞ’ ಬೇರೆ. ವ್ಯಾಕರಣದಲ್ಲಿ ಇದಕ್ಕೆ ‘ರಳ’ ಎಂದು ಹೆಸರು. ಕೇಳುವ ಕಿವಿಗೆ ಇದು ಪೂರ್ತಿ ‘ರ’ವೂ ಅಲ್ಲ, ಪೂರ್ತಿ ‘ಳ’ವೂ ಅಲ್ಲ. ನೀವೇ ಹೇಳಿ ನೋಡಿ. ‘ಳ’ ಎನ್ನುವಾಗ ನಾಲಿಗೆಯ ತುದಿ ಹಿಂದಕ್ಕೆ ಮಡಚಿ ಅಂಗುಳಿಗೆ ತಾಗುತ್ತದೆ, ಉಸಿರು ಅಕ್ಕಪಕ್ಕದಿಂದ ಹೊರಡುತ್ತದೆ. ನಾಲಿಗೆಯನ್ನು ಹಾಗೆಯೇ ಮಡಚಿ, ಆದರೆ ಅಂಗುಳಿಗೆ ತಾಗಿಸದೆ, ಉಸಿರನ್ನು ನಡುವಿನಿಂದ ಹರಿಯಬಿಟ್ಟರೆ ‘ೞ’.

ಈ ಸಣ್ಣ ವ್ಯತ್ಯಾಸದಿಂದ ಅರ್ಥವೇ ಬದಲಾಗುತ್ತಿತ್ತು. ‘ಬಾಳ್’ ಎಂದರೆ ಕತ್ತಿ, ‘ಬಾೞ್’ ಎಂದರೆ ಬದುಕು. ‘ಆಳ್’ ಎಂದರೆ ಆಳುವುದು, ‘ಆೞ್’ ಎಂದರೆ ಮುಳುಗುವುದು. ಬರಬರುತ್ತಾ ಜನ ಎರಡನ್ನೂ ‘ಳ’ ಎನ್ನತೊಡಗಿದರು. 13ನೇ ಶತಮಾನದ ಕೇಶಿರಾಜ ‘ಶಬ್ದಮಣಿದರ್ಪಣ’ದಲ್ಲಿ ೞಕಾರದ ಪದಗಳನ್ನು ಪಟ್ಟಿಮಾಡಿಯೇ ಹೇಳಿದ್ದಾನೆ. ಕಿವಿಯೇ ಗುರುತಿಸುವಂತಿದ್ದರೆ ಪಟ್ಟಿ ಯಾಕೆ ಬೇಕಿತ್ತು?

ಇನ್ನೊಂದು ವ್ಯಂಜನದ ಮುಂದೆ ಮಾತ್ರ ಇದು ಬೇರೆ ದಾರಿ ಹಿಡಿಯಿತು. ‘ಬಿೞ್ದು’ ‘ಬಿರ್ದು’ವಾಗಿ ‘ಬಿದ್ದು’ ಆಯಿತು. ‘ಎೞ್ದು’ ‘ಎದ್ದು’ ಆಯಿತು. ‘ಪೊೞ್ತು’ ‘ಹೊತ್ತು’ ಆಯಿತು, ‘ಗೞ್ದೆ’ ‘ಗದ್ದೆ’ ಆಯಿತು. ಮಕ್ಕಳ ಪ್ರಶ್ನೆಗೆ ಉತ್ತರ ಇಷ್ಟೇ.

ಕೆಲವು ವರ್ಷಗಳ ಹಿಂದೆ ನನ್ನ ತರಗತಿಯಲ್ಲಿ ಕೇರಳದ ಹುಡುಗಿಯೊಬ್ಬಳಿದ್ದಳು. ಅವಳ ಊರನ್ನು ಗೆಳತಿಯರು ‘ಆಲಪ್ಪುಝ’ ಎನ್ನುತ್ತಿದ್ದರು. ಇಂಗ್ಲಿಷಿನಲ್ಲಿ ಬರೆದ ಹೆಸರನ್ನು ಓದಿದವರ ಪಾಡು ಅದು. ಅವಳು ತಿದ್ದಿ ತಿದ್ದಿ ಸಾಕಾಗಿ ಸುಮ್ಮನಾಗಿದ್ದಳು. ಒಂದು ದಿನ ಕರಿಹಲಗೆಯ ಮೇಲೆ ಮೞೆ, ಕೋೞಿ, ಬಾೞೆ, ಪೊೞೆ ಎಂದು ಬರೆದು, ‘ನೀನು ಓದಮ್ಮ’ ಎಂದೆ. ಕನ್ನಡ ಮನೆಮಾತಿನವರು ಯಾರೂ ಓದಲಾಗದ್ದನ್ನು ಅವಳು ಸರಾಗವಾಗಿ ಓದಿದಳು. ‘ಸಾರ್, ಇದು ನಮ್ಮ ಅಕ್ಷರ!’ ಎಂದಳು. ‘ನಮ್ಮದೂ ಹೌದು’ ಎಂದೆ. ‘ಆಲಪ್ಪುೞ’ದ ‘ಪುೞ’ ನಮ್ಮ ‘ಹೊಳೆ’ಯೇ ಎಂದು ತಿಳಿದ ಮೇಲೆ ಗೆಳತಿಯರು ಮತ್ತೆ ‘ಝ’ ಎನ್ನಲಿಲ್ಲ. ಅದುವರೆಗೆ ಹಳಗನ್ನಡವೆಂದರೆ ಹೆದರುತ್ತಿದ್ದ ಅವಳು ಅಂದಿನಿಂದ ಮುಂದಿನ ಬೆಂಚಿಗೆ ಬಂದು ಕುಳಿತಳು.

ಒಂದು ಅಂಕಿಯನ್ನೇ ನೋಡಿ. ತಮಿಳು, ಮಲಯಾಳಗಳಲ್ಲಿ ಏೞು, ಕನ್ನಡದಲ್ಲಿ ಏಳು, ತೆಲುಗಿನಲ್ಲಿ ಏಡು. ಒಂದೇ ಧ್ವನಿ ಒಂದೊಂದು ಮನೆಯಲ್ಲಿ ಒಂದೊಂದು ರೂಪ ತಾಳಿದೆ. ತಮಿಳುನಾಡಿನಲ್ಲೂ ಅನೇಕರ ಬಾಯಲ್ಲಿ ಅದು ಈಗ ‘ಳ’. ಜಗತ್ತಿನಲ್ಲಿ ಈ ಧ್ವನಿ ಇರುವುದು ತಮಿಳು, ಮಲಯಾಳಗಳಲ್ಲಿ ಮಾತ್ರ ಎಂಬ ಮಾತೂ ಇದೆ. ಅಪರೂಪದ್ದೇನೋ ನಿಜ. ಆದರೆ ಆಸ್ಟ್ರೇಲಿಯಾದ ಮೂಲನಿವಾಸಿಗಳ ಹಲವು ಭಾಷೆಗಳಲ್ಲೂ ಇಂಥದೇ ಧ್ವನಿಯಿದೆ.

ಕಂಪ್ಯೂಟರಿಗೆ ಅಕ್ಷರಗಳನ್ನು ಗೊತ್ತುಮಾಡುವ ಯೂನಿಕೋಡ್ ಪಟ್ಟಿಯಲ್ಲಿ ‘ೞ’ ಇದೆ. ಆದರೆ ಕಣ್ತಪ್ಪಿನಿಂದ ಅದಕ್ಕೆ ‘ಫ’ ಎಂಬ ಹೆಸರು ಬಿದ್ದಿದೆ. ಒಮ್ಮೆ ಕೊಟ್ಟ ಹೆಸರನ್ನು ಬದಲಿಸಬಾರದೆಂಬ ನಿಯಮವಿರುವುದರಿಂದ ಅದು ಹಾಗೆಯೇ ಉಳಿದಿದೆ.

‘ಬಳಕೆ ತಪ್ಪಿದ ಅಕ್ಷರ ಕಲಿತರೆ ಎಷ್ಟು ಮಾರ್ಕ್ಸ್ ಬರುತ್ತದೆ?’ ಎಂದು ತಂದೆಯೊಬ್ಬರು ಕೇಳಿದ್ದರು. ಮಾರ್ಕ್ಸ್ ಬಾರದಿರಬಹುದು. ಆದರೆ ಅರ್ಧ ಗಂಟೆ ಇದರೊಡನೆ ಕಳೆದ ಮಗುವಿಗೆ ಪಂಪನ ಪುಟ ಅಷ್ಟು ಅಪರಿಚಿತವೆನಿಸುವುದಿಲ್ಲ, ಪಕ್ಕದ ಬೆಂಚಿನ ಮಲಯಾಳಿಯೂ ದೂರದವಳೆನಿಸುವುದಿಲ್ಲ. ಇವತ್ತು ಊಟಕ್ಕೆ ಕುಳಿತಾಗ ಮಕ್ಕಳೊಡನೆ ‘ಮೞೆ’ ಎಂದು ಹೇಳಿ ನೋಡಿ. ಮೊದಮೊದಲು ನಾಲಿಗೆ ತೊಡರಿ ಎಲ್ಲರಿಗೂ ನಗು ಬರುತ್ತದೆ, ಬರಲಿ.