ಹಳೆಯ ರೀಲಿನ ಜಾತಕ

ರಷ್ಯಾದ ಕ್ರಾಂತಿಯ ಬಗ್ಗೆ ಸಾಕ್ಷ್ಯಚಿತ್ರ ನೋಡಲು ಕೂತರೆ ಒಂದು ದೃಶ್ಯ ಸಾಮಾನ್ಯವಾಗಿ ಬಂದೇ ಬರುತ್ತದೆ: ಚೌಕ ದಾಟಿ ವಿಂಟರ್ ಪ್ಯಾಲೇಸ್ ಕಡೆಗೆ ನುಗ್ಗುವ ಜನಸಾಗರ. ಅದು 1917ರದ್ದಲ್ಲ. ಅರಮನೆ ವಶವಾದ ಆ ರಾತ್ರಿ ಅಲ್ಲಿ ಅಷ್ಟು ಜನವೂ ಇರಲಿಲ್ಲ, ಕತ್ತಲಲ್ಲಿ ಕ್ಯಾಮೆರಾ ತಿರುಗಿಸಿದವರೂ ಇರಲಿಲ್ಲ. ಹತ್ತು ವರ್ಷದ ಮೇಲೆ ಐಸೆನ್‌ಸ್ಟೈನ್ ತನ್ನ ‘ಅಕ್ಟೋಬರ್’ ಚಿತ್ರಕ್ಕಾಗಿ ಜನರನ್ನು ಸೇರಿಸಿ ಓಡಿಸಿದ ಓಟ ಅದು. ಹಳೆಯ ಫುಟೇಜ್ ಹುಡುಕುವವರ ಕೆಲಸವೆಂದರೆ ಕೇಳಿದ್ದನ್ನು ತಂದುಕೊಡುವುದು ಎಂದು ನಿರ್ಮಾಪಕರು ತಿಳಿದಿರುತ್ತಾರೆ. ನನ್ನ ಮಟ್ಟಿಗೆ, ಸಿಕ್ಕಿದ್ದನ್ನು ಅನುಮಾನಿಸುವಲ್ಲಿಂದಲೇ ಆ ಕೆಲಸ ಶುರು. ಡಬ್ಬದ ಮೇಲಿನ ಚೀಟಿಯನ್ನು ನಂಬುವಂತಿಲ್ಲ. ಅಂಗಡಿಯ ಬೋರ್ಡು, ಸಿಪಾಯಿಯ ಟೋಪಿ, ನೆರಳಿನ ಉದ್ದ ಎಲ್ಲವನ್ನೂ ನೋಡಬೇಕು. ಹಳೆಯ ಕೊಡಕ್ ಫಿಲ್ಮಿನ ಅಂಚಿನಲ್ಲಿ ವೃತ್ತ, ಚೌಕ, ತ್ರಿಕೋನಗಳ ಪುಟ್ಟ ಗುರುತುಗಳಿರುತ್ತವೆ. ಫಿಲ್ಮು ತಯಾರಾದ ವರ್ಷ ಅವುಗಳಿಂದ ತಿಳಿಯುತ್ತದೆ. ಆದರೆ ಅದೇ ಗುರುತು ಇಪ್ಪತ್ತು ವರ್ಷಕ್ಕೊಮ್ಮೆ ಮರಳಿ ಬರುತ್ತಿತ್ತು, ಹಾಗಾಗಿ ಅದೊಂದನ್ನೇ ಹಿಡಿದು ತೀರ್ಪು ಕೊಟ್ಟವರು ಎರಡು ದಶಕ ಜಾರಿಬಿಡಬಹುದು.

ಪರರು ತೆಗೆದದ್ದನ್ನು ಹೆಕ್ಕುವುದರಲ್ಲಿ ಏನು ಮಹಾ ಸೃಷ್ಟಿ ಎಂದು ಕೇಳುವವರಿದ್ದಾರೆ. ಹಳೆಯ ರೀಲುಗಳಿಂದಲೇ ಚಿತ್ರ ಕಟ್ಟಿದ ಸೋವಿಯತ್ ನಿರ್ದೇಶಕಿ ಎಸ್ಫೀರ್ ಶೂಬ್‌ಗೂ ಇದೇ ಪ್ರಶ್ನೆ ಎದುರಾಯಿತು. ‘ಅಕ್ಟೋಬರ್’ ಚಿತ್ರೀಕರಣವಾದ 1927ರಲ್ಲೇ ಆಕೆಯ ‘ರೊಮಾನೊವ್ ವಂಶದ ಪತನ’ ತೆರೆಗೆ ಬಂತು. ಅದಕ್ಕಾಗಿ ಆಕೆ ನೋಡಿದ್ದು ಸುಮಾರು 60 ಸಾವಿರ ಮೀಟರ್ ಹಳೆಯ ಫಿಲ್ಮು. ಅದರಲ್ಲಿ ತ್ಸಾರನ ಮನೆಯವರಿಗೆಂದೇ ತೆಗೆದ ರೀಲುಗಳೂ ಇದ್ದವು. ಚಿತ್ರದ ಒಂದೆಡೆ ಹಡಗಿನ ಅಟ್ಟದ ಮೇಲೆ ಸಿರಿವಂತರು ಬೆವರುವಷ್ಟು ಕುಣಿಯುತ್ತಾರೆ. ಮುಂದಿನ ದೃಶ್ಯದಲ್ಲಿ ರೈತರು ಮಣ್ಣು ಅಗೆದು ಬೆವರುತ್ತಾರೆ. ಎರಡೂ ಬೇರೆಯವರ ಕ್ಯಾಮೆರಾದವು, ಹತ್ತಿರ ತಂದ ಕೈ ಮಾತ್ರ ಆಕೆಯದು. ಕರ್ತೃವಿನ ಹಕ್ಕನ್ನು ಸ್ಟುಡಿಯೋ ಕೊಡಲಿಲ್ಲ. ಕವಿ ಮಾಯಕೋವ್ಸ್ಕಿ ಅದಕ್ಕೆ ಬಹಿರಂಗವಾಗಿಯೇ ತಕರಾರು ತೆಗೆದ. (ತಕರಾರಿನಿಂದ ಹಣ ಬರುವುದಿಲ್ಲ, ಬಿಡಿ.)

ಈಗ ಎಲ್ಲವೂ ಇಂಟರ್ನೆಟ್ಟಿನಲ್ಲಿದೆಯಲ್ಲ ಎಂಬ ಮಾತಿನಲ್ಲಿ ಹುರುಳಿಲ್ಲದಿಲ್ಲ. ತಮಿಳುನಾಡಿನ ಕಾರೈಕುಡಿ ಕಡೆಯ ಎ.ಕೆ. ಚೆಟ್ಟಿಯಾರ್ ಗಾಂಧೀಜಿಯ ಚಿತ್ರಿಕೆಗಳಿಗಾಗಿ ಸುಮಾರು ಒಂದು ಲಕ್ಷ ಮೈಲಿ ಸುತ್ತಿದರು. 50 ಸಾವಿರ ಅಡಿ ಕೂಡಿಹಾಕಿ, 1940ರಲ್ಲಿ 12 ಸಾವಿರ ಅಡಿಯ ತಮಿಳು ಸಾಕ್ಷ್ಯಚಿತ್ರ ತಂದರು. ಇಂದು ಅಷ್ಟು ಅಲೆಯಬೇಕಿಲ್ಲ, ಒಳ್ಳೆಯದೇ. ಆದರೆ ರೀಲು ಇಟ್ಟುಕೊಂಡವರ ಬಾಗಿಲಿಗೇ ಹೋದವರಿಗೆ ‘ಇದು ಎಲ್ಲಿಯದು, ಯಾವಾಗಿನದು, ತೆಗೆದವರು ಯಾರು’ ಎಂದು ಮುಖಾಮುಖಿಯಾಗಿ ಕೇಳುವ ಅವಕಾಶವಿತ್ತು. ಯೂಟ್ಯೂಬಿಗೆ ಏರುವಷ್ಟರಲ್ಲಿ ಒಂದು ತುಣುಕು ನಾಲ್ಕಾರು ಕೈ ದಾಟಿ, ಆ ವಿವರಗಳನ್ನೆಲ್ಲ ದಾರಿಯಲ್ಲೇ ಕಳಚಿಕೊಂಡಿರುತ್ತದೆ. ಅದಕ್ಕೇ ಕಸುಬು ಬಲ್ಲವರು, ತುಣುಕು ಕಣ್ಣೆದುರೇ ಓಡುತ್ತಿದ್ದರೂ, ಮೂಲ ನೆಗೆಟಿವ್ ಯಾರ ಬಳಿ ಇದೆ ಎಂದು ಮೊದಲು ವಿಚಾರಿಸುತ್ತಾರೆ.